ತೆರೆಯದ ಬಾಗಿಲಿನ ಬಾಗಿಲಣ್ಣ

ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ನಾಟಕ ಮಂದಿರದ ಖಾಲಿ ರಂಗದ ಮೇಲೆ ಒಬ್ಬರು ಮಂಡಿಯೂರಿ ಕೂತು, ಪರದೆಯಲ್ಲಿ ಬರೆದ ಹೊಸ್ತಿಲಿಗೆ ಕಂದು ಬಣ್ಣ ಹಚ್ಚುತ್ತಿದ್ದಾರೆ. ಕಿವಿಯ ಮೇಲೆ ಇನ್ನೊಂದು ಸಣ್ಣ ಕುಂಚ. ಮಂದಿರದವರೆಲ್ಲ ಇವರನ್ನು ಕರೆಯುವುದು ಬಾಗಿಲಣ್ಣ ಎಂದೇ.

ಪರದೆಯ ಮೇಲಿರುವುದು ಒಂದು ಕೋಣೆ: ಗೋಡೆ, ಕಿಟಕಿ, ಮುಚ್ಚಿದ ಬಾಗಿಲು. ತಮ್ಮ ಮದುವೆಯಾದ ವರ್ಷ ಇವರೇ ಬರೆದದ್ದು. ಗೋಡೆ, ಕಿಟಕಿ ಆಗಲೇ ಮುಗಿದವು, ಬಾಗಿಲು ಮಾತ್ರ ಇಂದಿಗೂ ಮುಗಿದಿಲ್ಲ. ಮರದ ಗಂಟು ಸರಿಯಿಲ್ಲ, ನೆರಳು ದಪ್ಪವಾಯಿತು, ಚಿಲಕಕ್ಕೆ ಭಾರವಿಲ್ಲ ಎಂದು ಏನಾದರೊಂದು ತಗಾದೆ ತೆಗೆದು ಬೆಳಗಾದರೆ ಇಲ್ಲಿ ಹಾಜರು. ನನಗಂತೂ ಒಮ್ಮೆ ಬಾಗಿಲು ತಟ್ಟಿ ನೋಡುವ ಆಸೆ.

"ನಮ್ಮನೆ ಬಾಗಿಲು ಕಿರ್ ಅನ್ನುತ್ತೆ, ಒಂದು ತೊಟ್ಟು ಎಣ್ಣೆ ಹಾಕಿ ಅಂದ್ರೆ ಕಿವಿಗೇ ಹಾಕ್ಕೊಳ್ಳಲ್ಲ. ಆ ಬಾಗಿಲು ನನ್ನ ಸವತಿ ಕಣ್ರೀ" ಎಂದು ಹೆಂಡತಿ ನಗುತ್ತಾರೆ.

ಕಳೆದ ವಾರ ಆ ಸವತಿಗೆ ಗಂಡಾಂತರ ಬಂದಿತ್ತು. ಪರದೆ ಹಳೆಯದಾಯಿತು, ಪ್ರಿಂಟ್ ಮಾಡಿದ ಹೊಸದು ತರಿಸೋಣ ಎಂದು ಮಂದಿರದ ಮಾಲೀಕರು ತೀರ್ಮಾನಿಸಿಬಿಟ್ಟಿದ್ದರು. ಬಾಗಿಲಣ್ಣನಿಗೆ ಊಟ ಸೇರಲಿಲ್ಲ. "ಜಗಳ ಆಡೋಕೆ ನಂಗೆ ಬರಲ್ಲ. ಇರೋವರೆಗೆ ಚೆನ್ನಾಗಿರ್ಲಿ ಅಂತ ಬಂದು ಚಿಲಕಕ್ಕೆ ಹಿತ್ತಾಳೆ ಬಣ್ಣ ಹಚ್ಚಿದೆ" ಎನ್ನುತ್ತಾರೆ.

ಅಂದು ಬೆಳಿಗ್ಗೆಯೇ ತಾಲೀಮು. ಮೊದಲ ಸಲ ಈ ರಂಗ ಹತ್ತಿದ್ದ ನಟನೊಬ್ಬ ಕೋಪದ ಮಾತು ಮುಗಿಸಿದವನೇ, ನೆಟ್ಟಗೆ ಹೋಗಿ ಚಿಲಕಕ್ಕೆ ಕೈ ಹಾಕಿ ತಳ್ಳಿದ. ಬಾಗಿಲು ತೆರೆಯಲಿಲ್ಲ, ಇಡೀ ಕೋಣೆಯೇ ಅಲುಗಾಡಿತು! ಮುಂದಿನ ಸಾಲಿನಲ್ಲಿದ್ದ ಮಾಲೀಕರು ನಕ್ಕು ನಕ್ಕು ಕಣ್ಣೊರೆಸಿಕೊಂಡು, "ರೀ ಬಾಗಿಲಣ್ಣ, ಹೊಸ ಪರದೆ ಬೇಡ ಅಂತ ಈಗ್ಲೇ ಫೋನ್ ಮಾಡ್ತೀನಿ" ಎಂದರು. ನಟ ಮಾತ್ರ ಬಣ್ಣ ಮೆತ್ತಿದ ಅಂಗೈ ನೋಡುತ್ತ, "ಹಾಗಾದ್ರೆ ನಿಜವಾದ ಬಾಗಿಲು ಎಲ್ಲಿದೆ?" ಎಂದು ಕೇಳುತ್ತಿದ್ದನಂತೆ. ಬಾಗಿಲಣ್ಣನ ಸಂತೋಷ ಹೇಳತೀರದು. ಕೇಳಿದವರಿಗೆಲ್ಲ ಹೇಳಿದ್ದಾರೆ, ಕೇಳದವರಿಗೂ ಹೇಳಿದ್ದಾರೆ.

ಈಗ ಹೊಸ್ತಿಲ ಕೆಲಸ ಮುಗಿಯಿತು. ಕುಂಚ ಮೇಲೇರಿ ಚಿಲಕದ ಹತ್ತಿರ ನಿಲ್ಲುತ್ತದೆ. ಹಸಿ ಬಣ್ಣದ ಮೇಲೆ ಆ ನಟನ ಬೆರಳು ಜಾರಿದ ಗುರುತು ಅಲ್ಲಿ ಹಾಗೇ ಉಳಿದಿದೆ. ಅದನ್ನು ಸರಿ ಮಾಡುವುದಿಲ್ಲವೇ ಎಂದು ಕೇಳುತ್ತೇನೆ.

"ಸರಿ ಮಾಡೋದೇನಿದೆ? ಬಾಗಿಲು ಮುಗೀತು" ಎಂದು ಬಾಗಿಲಣ್ಣ ಕುಂಚ ತೊಳೆದಿಟ್ಟು ಏಳುತ್ತಾರೆ. "ನಡೀರಿ, ಮನೆಗೆ ಹೋಗೋಣ. ಅಲ್ಲೊಂದು ಬಾಗಿಲು ಕಿರ್ ಅಂತಿದೆ."