ಇನ್ನೊಮ್ಮೆ ಸಾಹೇಬರು

ಉಗಾರ ಬುದ್ರುಕದ ಕುಣಾಲ ಸಾಕ್ಷ್ಯಚಿತ್ರ ಮಾಡುತ್ತಾನೆ. ಮಾಡಲಿ, ಯಾರದೇನು ತಕರಾರು? ಆದರೆ ದೂರ ನಿಂತು ಕ್ಯಾಮೆರಾ ಹಿಡಿಯುವುದೆಂದರೆ ಅವನ ಮಟ್ಟಿಗೆ ಪಾಪ. ಯಾರ ಚಿತ್ರ ಮಾಡುತ್ತಾನೋ ಅವರೊಳಗೊಬ್ಬನಾಗಬೇಕು, ಅದು ಅವನ ವ್ರತ. ಬಸದಿಯಲ್ಲಿ ಹಿರಿಯರು ಹೇಳಿಕೊಟ್ಟ ವ್ರತಗಳನ್ನೆಲ್ಲ ಗಾಳಿಗೆ ತೂರಿದವನು ಇದೊಂದನ್ನು ಮಾತ್ರ ಬಿಡದೆ ಪಾಲಿಸಿದ.

ನಿಪ್ಪಾಣಿಯ ಪೈಲ್ವಾನರ ಚಿತ್ರಕ್ಕೆಂದು ತಲೆ ಬೋಳಿಸಿಕೊಂಡು ಲಂಗೋಟಿ ಕಟ್ಟಿದ. ಎದುರಾಳಿ ಎತ್ತಿ ಕೆಡವಿದಾಗ ಬಾಯೊಳಗಿನ ಮಣ್ಣು ಉಗುಳುತ್ತ, "ಇನ್ನೊಮ್ಮೆ ಒಗೀರಿ, ಬೆಳಕು ಸರಿ ಬಿದ್ದಿಲ್ಲ" ಎಂದ. ಅಥಣಿ ಕಡೆಯ ಭಜನಾ ಮೇಳದ ಚಿತ್ರಕ್ಕೆ ತಾಳ ಹಿಡಿದು ಮೇಳದೊಳಗೇ ಸೇರಿದ. ಮೇಳ ಒಂದು ಹೆಣದ ಮುಂದೆ ಹಾಡುತ್ತ ಹೊರಟಿದ್ದಾಗ, ಹೊತ್ತವರನ್ನು ಓಣಿಯ ತುದಿಗೆ ಹಿಂದಕ್ಕೆ ಕಳಿಸಿ ಮತ್ತೆ ಬರಹೇಳಿದ. ಅಂದು ಅವನನ್ನು ಬೈಯದವನು ಸತ್ತವನೊಬ್ಬನೇ. ಅಲ್ಲಿಂದ 'ಇನ್ನೊಮ್ಮೆ ಸಾಹೇಬರು' ಎಂಬ ಹೆಸರು ಬಿತ್ತು. ಕುಣಾಲ ಅದನ್ನು ಬಿರುದೆಂದೇ ತಿಳಿದ.

ತಾಯಿ ಮಂಗಲ ಮಾತ್ರ ತಲೆ ಚಚ್ಚಿಕೊಂಡಳು. "ಪೈಲ್ವಾನ ಆದಿ, ಭಜನಿಯಂವ ಆದಿ. ಒಮ್ಮೆರೆ ಈ ಮನಿ ಮಗಾ ಆಗಿ ನೋಡಪಾ."

ಈ ಸಲ ಅವನು ಕಬ್ಬಿನ ಟ್ರ್ಯಾಕ್ಟರಿನ ಡ್ರೈವರ್ ಆದ. ಗೊಂಡೆ ಕಟ್ಟಿದ ಗಾಡಿ, ಕಿವಿ ಕಿತ್ತುಹೋಗುವಷ್ಟು ಹಾಡು, ಕಾರ್ಖಾನೆಯ ಮುಂದೆ ದಿನಗಟ್ಟಲೆ ಪಾಳಿ. ಆ ಮಂದಿಯ ಗಂಡಸುತನವೆಲ್ಲ ರಿವರ್ಸ್ ಶರ್ಯತ್ತಿನಲ್ಲಿದೆ: ಎರಡು ಟ್ರೇಲರ್ ಕಟ್ಟಿದ ಟ್ರ್ಯಾಕ್ಟರನ್ನು ಸುಣ್ಣದ ಗೆರೆ ತುಳಿಯದೆ ಹಿಂದಕ್ಕೆ ಓಡಿಸಬೇಕು. ನಡುವೆ ನಿಂತರೆ ಔಟ್.

ಅವನಿಗೆ ಓಡಿಸಲು ಕಲಿಸಿದವನು ಡ್ರೈವರ್ ಧರೆಪ್ಪ. ಹೋದ ವರ್ಷ ಕಬ್ಬೂರಿನ ಶರ್ಯತ್ತಿನಲ್ಲಿ ಧರೆಪ್ಪ ಮುಗಳಖೋಡದ ಮುರಗೆಪ್ಪನಿಗೆ ಸೋತಿದ್ದ. "ಹಿಂದ ಹೋಗಾಕ ಯಾರರೆ ಕೈ ಹಿಡೀಬೇಕೇನಲೇ?" ಎಂದು ಪಾಳಿಯಲ್ಲಿ ನಿಂತ ಡ್ರೈವರುಗಳು ವರ್ಷವಿಡೀ ಕಾಡಿದರು. ಈ ವರ್ಷ ಆ ಮಾತನ್ನು ಮುರಗೆಪ್ಪನ ಬಾಯಿಗೇ ತುರುಕಬೇಕೆಂದು ಧರೆಪ್ಪ ಹಲ್ಲು ಕಚ್ಚಿ ಕಾದಿದ್ದ.

ಶರ್ಯತ್ತಿನ ದಿನ ಬೆಳಿಗ್ಗೆ ಕುಣಾಲ ಅವನ ಕೈ ಹಿಡಿದ. "ಧರೆಪ್ಪಣ್ಣಾ, ಇವತ್ತ ನಾ ಹೊಡೀತೀನಿ. ಇಲ್ಲಾಂದ್ರ ನನ್ನ ಸಿನೆಮಾಕ್ಕ ಜೀವಾನ ಇರೂದಿಲ್ಲ. ಗೆದ್ರ ಹೆಸರ ನಿಂದು."

ಶರ್ಯತ್ತಿನಲ್ಲಿ ಒಂದು ಟ್ರ್ಯಾಕ್ಟರಿಗೆ ಒಬ್ಬನೇ ಡ್ರೈವರ್, ಓಡಿಸಲು ಒಂದೇ ಪಾಳಿ. ಧರೆಪ್ಪ ಕೈ ಬಿಡಿಸಿಕೊಂಡು ಸ್ಟೇರಿಂಗ್ ಹಿಡಿದ. ಆದರೂ ಹುಡುಗ ಇಡೀ ಹಂಗಾಮು ತನ್ನ ಮನೆಯಲ್ಲಿ ಹೆಂಡತಿ ಕಸ್ತೂರೆವ್ವ ಬಡಿದ ರೊಟ್ಟಿ ತಿಂದವನು. ಉಂಡವನಿಗೆ ಇಲ್ಲವೆನ್ನಲು ನಾಲಗೆ ಏಳಲಿಲ್ಲ. ಸೀಟು ಬಿಟ್ಟು ಇಳಿದ. ದಾಕ್ಷಿಣ್ಯಕ್ಕೆ ಬಸಿರಾದರೆ ಹೆರುವ ಜಾಗವಿಲ್ಲ ಎಂದು ಸುಮ್ಮನೆ ಹೇಳಿಲ್ಲ.

ಕುಣಾಲ ತಲೆಗೆ ಟಾವೆಲ್ ಸುತ್ತಿ, ಬಾನೆಟ್ಟಿಗೆ ಪುಟ್ಟ ಕ್ಯಾಮೆರಾ ಕಟ್ಟಿ ಏರಿದ. ಸುಳ್ಳೇಕೆ ಹೇಳಲಿ, ಚೆನ್ನಾಗಿಯೇ ಓಡಿಸಿದ! ಎರಡೂ ಟ್ರೇಲರ್ ಸುಣ್ಣದ ಗೆರೆಗಳ ನಡುವೆ ನೆಟ್ಟಗೆ ಹಿಂದೆ ಸರಿದವು. ಅರ್ಧ ದಾರಿ ದಾಟಿತು. ಮುರಗೆಪ್ಪ ಅಗಿಯುತ್ತಿದ್ದ ತಂಬಾಕು ಉಗುಳಿ ಎದ್ದು ನಿಂತ. ಸೀಟಿಲ್ಲದ ಧರೆಪ್ಪ ನಿಂತಲ್ಲೇ ಗಾಳಿಯಲ್ಲಿ ಸ್ಟೇರಿಂಗ್ ತಿರುಗಿಸುತ್ತಿದ್ದ. ಕಣ್ಣಲ್ಲಿ ನೀರು ಬಂದಿತ್ತು, ಸಂತೋಷಕ್ಕೆ.

ಆಗ ಕ್ಯಾಮೆರಾದ ಕೆಂಪು ದೀಪ ಆರಿತು. ಕುಣಾಲ ಬ್ರೇಕ್ ಒತ್ತಿದ. ಇಳಿದು ಬಂದು ಬ್ಯಾಟರಿ ಬದಲಿಸಿದ. ಪಂಚರು ಸೀಟಿ ಊದುತ್ತಿದ್ದರೆ ಈತ ಕೈಯೆತ್ತಿ, "ಇನ್ನೊಮ್ಮೆ ರೀ, ಮೊದಲಿಂದ!" ಎಂದ.

ಮೈದಾನವೆಲ್ಲ ಬಿದ್ದು ಬಿದ್ದು ನಕ್ಕಿತು. ಎಲ್ಲರ ಮೊಬೈಲಿನಲ್ಲೂ ಅದು ದಾಖಲಾಯಿತು. ಮುರಗೆಪ್ಪ ಗೆದ್ದು ಗುಲಾಲು ಎರಚಿಸಿಕೊಂಡ.

ಧರೆಪ್ಪ ನಗಲಿಲ್ಲ. ಹತ್ತಿರ ಬಂದು ಸಣ್ಣ ದನಿಯಲ್ಲಿ ಹೇಳಿದ: "ಸಾಹೇಬ್ರ, ಪೈಲ್ವಾನರ ಕಡಿಂದ ಇನ್ನೊಮ್ಮೆ ಮಾಡಿಸಿದ್ರಿ. ಹೆಣಾನೂ ಇನ್ನೊಮ್ಮೆ ಹೊರಿಸಿದ್ರಿ. ನನ್ನ ಪಾಳಿ ಇನ್ನೊಮ್ಮೆ ತಂದಕೊಡ್ರಿ ನೋಡೂಣು."

ಕುಣಾಲನ ಮುಖ ಬಿಳುಪೇರಿತು. ಅವನಿಗೂ ನಿಜವಾಗಿ ನೋವಾಗಿತ್ತು, ಅದನ್ನು ಅಲ್ಲಗಳೆಯಲಾರೆ. ಆದರೆ ಕೈ ತಾನಾಗಿ ಕ್ಯಾಮೆರಾದ ಕಡೆ ಹೋಯಿತು.

"ಧರೆಪ್ಪಣ್ಣಾ, ಇದನ್ನ ಇನ್ನೊಮ್ಮೆ ಹೇಳ್ತೀ? ಚಾಲೂ ಮಾಡಿದ್ದಿಲ್ಲ."

ಧರೆಪ್ಪ ಟ್ರ್ಯಾಕ್ಟರ್ ಏರಿ, ಹಿಂದೆ ತಿರುಗಿಯೂ ನೋಡದೆ ಮುಂದಕ್ಕೆ ಹೋದ.