ಇದಕ್ಕೆ ಬಣ್ಣ ಹಚ್ಚಿದ್ದು ಯಾರಮ್ಮ?

ಗೋಡೆಯ ಮೇಲೆ ಈಜುತ್ತಿದ್ದ ಬೆಳಕಿನ ಮೀನುಗಳ ನಡುವೆ ತಾವು ಬಣ್ಣ ಹಚ್ಚಿದ ಮೀನು ಕಂಡೊಡನೆ ನಮ್ಮತ್ತೆ ನನ್ನ ಕೈ ಬಿಟ್ಟು ಅದರ ಹಿಂದೆಯೇ ನಡೆದುಬಿಟ್ಟರು. ಬೆಂಗಳೂರಿನ ಆ ಹೊಸ ಅಕ್ವೇರಿಯಂನಲ್ಲಿ ನಾವು ಕಾಗದದಲ್ಲಿ ಬಣ್ಣ ತುಂಬಿದ ಮೀನು ಗೋಡೆಯ ಪರದೆಯಲ್ಲಿ ಈಜುತ್ತದೆ. ಹುತ್ತೂರಿನಲ್ಲಿ ರೇಷ್ಮೆ ಹುಳು ಸಾಕುವ ಅತ್ತೆ ಬಣ್ಣದ ಪೆನ್ಸಿಲ್ ಹಿಡಿದದ್ದು ಅಂದೇ ಮೊದಲು.

ಮುಂದಿನ ಕೋಣೆಯ ಗಾಜಿನ ತೊಟ್ಟಿಯಲ್ಲಿ ನೀಲಿ, ಹಳದಿ ಪಟ್ಟೆಯ ಮೀನೊಂದು ಅವರ ಮುಖದೆದುರೇ ಬಂದು ನಿಂತಿತು.

"ಇದಕ್ಕೆ ಬಣ್ಣ ಹಚ್ಚಿದ್ದು ಯಾರಮ್ಮ?" ಎಂದರು.

"ಇದು ನಿಜವಾದ ಮೀನು ಅತ್ತೆ, ಯಾರೂ ಹಚ್ಚಿಲ್ಲ."

"ಹೌದಾ? ನೀರೊಳಗಿರೋದಕ್ಕೆ ಯಾಕಮ್ಮ ಇಷ್ಟೊಂದು ಬಣ್ಣ?" ಅತ್ತೆ ಗಾಜಿಗೆ ಹಣೆ ತಾಗಿಸಿ ನಿಂತುಬಿಟ್ಟರು.

ಕೋಲಾರದ ಶಾಲೆಯಲ್ಲಿ ವಿಜ್ಞಾನ ಕಲಿಸುವ ನಾನು ಈಗ ಮೀನಿನ ಪಾಠವನ್ನು ಅತ್ತೆಯ ಪ್ರಶ್ನೆಯಿಂದಲೇ ಶುರು ಮಾಡುತ್ತೇನೆ.