ಬೀದಿಯ ಕಡೆಗೊಂದು ಬಾಗಿಲು

ಮನೆ ಪಾಲು ಮಾಡುವ ವಾಟ್ನಿ ದಾವೆಯಲ್ಲಿ ನಮ್ಮ ಪಾಲಿಗೆ ಬಂದದ್ದು ಬೀದಿಗೆ ಹೊಂದಿಕೊಂಡ ಮುಂದಿನ ಕೋಣೆ ಮತ್ತು ಹಿಂದಿನ ಅಡುಗೆಮನೆ. ತಲೆಬಾಗಿಲು ಮತ್ತು ಪಡಸಾಲೆ ಭಾವನವರಿಗೆ, ಅಂದರೆ ನನ್ನ ಗಂಡನ ಅಣ್ಣನಿಗೆ ಹೋದವು. ಕೋಣೆಗೆ ಬೀದಿಯ ಕಡೆ ಇರುವುದು ಒಂದು ಕಿಟಕಿ ಮಾತ್ರ. ಹಿಂದೆ ಕೂತು ರೊಟ್ಟಿ ಬಡಿದು, ಬುಟ್ಟಿ ಹೊತ್ತು, ಅವರ ಪಡಸಾಲೆ ದಾಟಿಯೇ ನಾನು ಹೊರಬೀಳಬೇಕು. ಧಾರವಾಡಕ್ಕೆ ಕೋಚಿಂಗಿಗೆ ಬಂದ ಹುಡುಗರಿಗೆ ಬಿಸಿ ರೊಟ್ಟಿಯೇ ಬೇಕು. ಆದರೆ ಯಾರದೋ ಪಡಸಾಲೆ ಹೊಕ್ಕು ರೊಟ್ಟಿ ಕೇಳಲು ಅವರಿಗೂ ಸಂಕೋಚ. ಬೀದಿಯ ಕಡೆಯ ಗೋಡೆಗೊಂದು ಬಾಗಿಲಿಟ್ಟರೆ ಕೋಣೆಯೇ ನನ್ನ ರೊಟ್ಟಿ ಅಂಗಡಿ. ದಾವೆ ನಡೆದಷ್ಟು ಕಾಲ ಅದನ್ನೇ ನೆನೆಸಿಕೊಂಡು ಹಿಟ್ಟು ನಾದಿದ್ದೆ.

ತೀರ್ಪು ಬಂದ ಮೇಲೂ ಕೋರ್ಟಿನವರು ಬಂದು ಅಳೆದು ಪಾಲು ಗುರುತಿಸುವುದರಲ್ಲಿ ವರ್ಷ ಕಳೆಯಿತು. ಮೇಲ್ಮನವಿಯ ಅವಧಿ ಎಂದೋ ಮುಗಿದಿತ್ತು. ಗೌಂಡಿ ಬಂದು ಚೌಕಟ್ಟಿನ ಅಳತೆ ತೆಗೆದುಕೊಂಡು ಹೋದ. ಅದೇ ವಾರ ನೋಟೀಸು ಬಂತು. ಭಾವ ತಡವಾಗಿ ಮೇಲ್ಮನವಿ ಹಾಕಿದ್ದರು. ತೀರ್ಪಿನ ದಿನದಿಂದ ಬೆನ್ನು ಬೇನೆಯಿಂದ ಹಾಸಿಗೆ ಹಿಡಿದಿದ್ದರಿಂದ ವಿಳಂಬ ಮನ್ನಿಸಬೇಕು ಎಂಬ ಅರ್ಜಿಯನ್ನೂ ಅದಕ್ಕೆ ಜೋಡಿಸಿದ್ದರು. ಅದು ತೀರ್ಮಾನವಾಗುವವರೆಗೆ ಮನೆ ಇದ್ದಂತೆಯೇ ಇರಬೇಕೆಂದು ಆಜ್ಞೆಯಾಯಿತು.

ನಮ್ಮ ವಕೀಲರಿಗೆ ನಗು. ತಡ ಮಾಡಿದವರೆಲ್ಲರ ಬೆನ್ನೂ ನೋಯುತ್ತದೆ ಎಂದರು. ದಿನವೂ ಕಣ್ಣಾರೆ ಕಂಡವಳು ನಾನಂತೆ. ಭಾವ ಗಟ್ಟಿಮುಟ್ಟಾಗಿ ಓಡಾಡುತ್ತಿದ್ದರೆಂದು ನಾನೊಂದು ಪ್ರಮಾಣಪತ್ರ ಕೊಟ್ಟರೆ ಮೇಲ್ಮನವಿ ಮುಂದೆ ಹೋಗುವುದಿಲ್ಲವಂತೆ. ಬರೆಸಿಯೂ ಇಟ್ಟಿದ್ದರು.

"ಅವರು ಖರೇನ ಬಿದ್ದಿದ್ರಲ್ರೀ," ಎಂದೆ. "ಸತ್ತೂರ ದವಾಖಾನಿಗೆ ನಮ್ಮನಿಯವರ ಒಯ್ದಿದ್ರು. ಮನಿಗೆ ಬಂದ ಮ್ಯಾಲೆ ನಾನೂ ನೆಗೆಣ್ಣಿ ಕೂಡಿ ಮಗ್ಗಲಾ ಹೊಳ್ಳಿಸ್ತಿದ್ವಿ."

ದಾವೆ ಇದ್ದದ್ದು ನಿಜ. ಆದರೆ ಗೋಡೆಯಾಚೆ ಮನುಷ್ಯ ನರಳುವಾಗ ಏನು ಮಾಡುವುದು? ನೆಗೆಣ್ಣಿ ಒಬ್ಬಳೇ ಗಂಡನನ್ನು ಎತ್ತಲಾರಳು.

ತೀರ್ಪು ಬಂದ ಶ್ರಾವಣದಿಂದ ದೀಪಾವಳಿಯವರೆಗೆ ಭಾವ ಎದ್ದಿರಲಿಲ್ಲ. ಸಂಕ್ರಾಂತಿಗೆ ತಾವೇ ನಡೆದು ಬಂದು ನಮಗೆ ಎಳ್ಳು ಕೊಟ್ಟಿದ್ದರು. ಇದ್ದದ್ದನ್ನು ಇದ್ದ ಹಾಗೆ ಬರೆಯಿರಿ, ಆಮೇಲೆ ಯಾಕೆ ಸುಮ್ಮನಿದ್ದರೋ ಅವರೇ ಹೇಳಲಿ ಎಂದೆ.

"ಅಷ್ಟು ಹೇಳಿದ್ರ ಸಾಕ್ರಿ ಅಕ್ಕಾರ, ಅವರಿಗೆ ಬ್ಯಾರೆ ವಕೀಲರು ಯಾಕ ಬೇಕು?" ಎಂದು ವಕೀಲರು ಪೆನ್ನು ಜೇಬಿಗಿಟ್ಟರು. ಬೇನೆ ಖರೆ ಎಂದು ನಾವೇ ಒಪ್ಪಿದ ಮೇಲೆ ಉಳಿದ ತಿಂಗಳುಗಳನ್ನು ಯಾರೂ ಎಣಿಸುವುದಿಲ್ಲ ಎಂಬುದು ಅವರ ಅನುಭವ.

ಹೊರಗೆ ಚಹಾದಂಗಡಿಯಲ್ಲಿ ನನ್ನ ಗಂಡ ಕೇಳಿದರು, "ಬಾಗಲಾ ಬೇಕು ಅಂದಾಕಿ ನೀನ. ಒಂದು ಸಹಿ ಮಾಡಾಕ ಏನಾಗೇತಿ?"

"ಹಂಗಾರ ನೀವ ಮಾಡ್ರಿ. ದವಾಖಾನಿಗೆ ಒಯ್ದವರು ನೀವು."

ಅವರು ತಲೆಯೆತ್ತದೆ ಚಹಾ ಕುಡಿದರು. ಸಹಿಯನ್ನು ಇಬ್ಬರೂ ಮಾಡಲಿಲ್ಲ.

ಕೋರ್ಟು ವಿಳಂಬವನ್ನು ಮನ್ನಿಸಿತು. ಮೇಲ್ಮನವಿ ವಿಚಾರಣೆಗೆ ನಿಂತಿತು. ಅದು ಮುಗಿಯುವವರೆಗೆ ಗೋಡೆ ಮುಟ್ಟುವಂತಿಲ್ಲ. ಎಷ್ಟು ವರ್ಷವೆಂದು ಕೇಳಿದರೆ ವಕೀಲರು ಕೈ ಆಡಿಸುತ್ತಾರೆ. ಗೆದ್ದ ಕೋಣೆಯಲ್ಲಿ ಜೋಳದ ಚೀಲ ಪೇರಿಸಿದ್ದೇನೆ. ಅಲ್ಲಿ ನಿಂತರೆ ಬಿಸಿ ರೊಟ್ಟಿ ಎಲ್ಲಿ ಸಿಗುತ್ತದೆಂದು ಹುಡುಗರು ಒಬ್ಬರನ್ನೊಬ್ಬರು ಕೇಳುವುದು ಕೇಳಿಸುತ್ತದೆ. ಕಿಟಕಿಯಿಂದ ಕೂಗಿ ಕರೆಯಲೆ? ಕರೆದರೆ ಬರುವುದು ಎಲ್ಲಿಂದ?

ಕೋರ್ಟು ವಿಳಂಬ ಮನ್ನಿಸಿದ ಮರುದಿನ ಬುಟ್ಟಿ ಹೊತ್ತು ಬಂದಾಗ ಭಾವ ಪಡಸಾಲೆಯ ಕುರ್ಚಿಯಲ್ಲಿದ್ದರು, ಕಾಲು ಅಡ್ಡ ಚಾಚಿಕೊಂಡು. ನಾನು ನಿಂತೆ. ಅವರು ನನ್ನ ಮುಖ ನೋಡಲಿಲ್ಲ.

"ತಾರೀಖು ಯಾವಾಗ ಅಂದ್ರವಾ ನಿನ್ನೆ ಕೋರ್ಟಿನ್ಯಾಗ? ನನಗ ಸರಿಯಾಗಿ ಕೇಳಸಲಿಲ್ಲ."

"ಯುಗಾದಿ ಮುಗದ ಮ್ಯಾಲೆ ಐತ್ರಿ."

"ಭಾಳ ಲಾಂಬ್ ತಾರೀಖು ಕೊಟ್ಟಾರ," ಎಂದರು ಬೇಸರದಿಂದ. ಮೇಲ್ಮನವಿ ಹಾಕಿದವರು ತಾವಲ್ಲವೇನೋ ಎಂಬಂತೆ.

ಹೌದ್ರಿ ಎಂದೆ. ಬುಟ್ಟಿಯ ಭಾರಕ್ಕೆ ಕುತ್ತಿಗೆ ಸೋಲುತ್ತಿತ್ತು. ಅವರು ಸೊಂಟ ಹಿಡಿದುಕೊಂಡು ನಿಧಾನವಾಗಿ ಒಂದು ಕಾಲು ಎಳೆದುಕೊಂಡರು. ಇನ್ನೊಂದನ್ನು ಎಳೆದುಕೊಳ್ಳುವವರೆಗೆ ಕಾದು ನಿಂತೆ.